ಒಂಟಿ ದನಿಗೆ ಬೆಲೆ ಕಟ್ಟೋರು ಯಾರು?

‘ಅಪ್’ ಸಿನಿಮಾ ನಮ್ಮಲ್ಲಿ ಬಹುತೇಕ ಎಲ್ಲರೂ ನೋಡಿರ್ತೀವಿ. ಸಾವಿರಾರು ಬಲೂನು ಕಟ್ಟಿ ಮನೇನೇ ಆಕಾಶಕ್ಕೆ ಹಾರಿಸೋ ಮುದುಕ ಕಾರ್ಲ್. ಸಿಡುಕು, ಒರಟು, ಆದರೆ ಒಳಗೆ ಮೆತ್ತಗಿನ ಮನುಷ್ಯ. ಆ ದನಿ ಎಡ್ ಆಸ್ನರ್ ಅನ್ನೋ ನಟನದ್ದು. ಚಿತ್ರ ಬಂದದ್ದು 2009ರಲ್ಲಿ, ಆಗ ಅವರಿಗೆ 79 ವರ್ಷ. ಆದರೆ ಅದಕ್ಕೂ ಸುಮಾರು ಮೂವತ್ತು ವರ್ಷ ಮೊದಲು ಅಮೆರಿಕದಲ್ಲಿ ಆ ಹೆಸರು ಕೇಳಿದರೆ ಜನಕ್ಕೆ ನೆನಪಾಗುತ್ತಿದ್ದದ್ದು ಒಂದು ಟಿವಿ ಪಾತ್ರ, ಆಮೇಲೆ ಒಂದು ಯೂನಿಯನ್. ಈ ಕಥೆ ಎಂಜಿನಿಯರಿಂಗ್ ಓದೋ ನಮಗ್ಯಾಕೆ ಬೇಕು ಅಂತ ಕೇಳಬಹುದು. ಕೊನೆಯಲ್ಲಿ ಹೇಳ್ತೀವಿ.

ಆಸ್ನರ್ ಹುಟ್ಟಿದ್ದು 1929ರಲ್ಲಿ, ಕಾನ್ಸಾಸ್ ಸಿಟಿಯಲ್ಲಿ. ವಲಸೆ ಬಂದ ಯಹೂದಿ ಕುಟುಂಬ. ಶಿಕಾಗೋ ವಿಶ್ವವಿದ್ಯಾಲಯದ ಓದನ್ನು ಅರ್ಧಕ್ಕೇ ಬಿಟ್ಟು, ಕಾರು ಕಾರ್ಖಾನೆಯ ಅಸೆಂಬ್ಲಿ ಲೈನ್‌ನಲ್ಲೂ ದುಡಿದು, ಸೈನ್ಯದಲ್ಲಿ ಎರಡು ವರ್ಷ ಕಳೆದು, ಆಮೇಲೆ ನಾಟಕಕ್ಕೆ ಬಂದವರು. ಹೆಸರು ಬಂದಿದ್ದು ನಲವತ್ತು ದಾಟಿದ ಮೇಲೆ. 1970ರಲ್ಲಿ ಶುರುವಾದ ‘ದಿ ಮೇರಿ ಟೈಲರ್ ಮೂರ್ ಶೋ’ ಹಾಸ್ಯ ಧಾರಾವಾಹಿಯಲ್ಲಿ ಅವರು ಟಿವಿ ಸುದ್ದಿಮನೆಯ ಬಾಸ್ ಲೂ ಗ್ರಾಂಟ್. ಅದು 1977ರಲ್ಲಿ ಮುಗಿದಾಗ ಅದೇ ಪಾತ್ರವನ್ನು ಪತ್ರಿಕಾ ಕಚೇರಿಯೊಂದಕ್ಕೆ ತಂದು ಕೂರಿಸಿ ‘ಲೂ ಗ್ರಾಂಟ್’ ಅನ್ನೋ ಗಂಭೀರ ಧಾರಾವಾಹಿ ಮಾಡಿದರು. ಒಂದೇ ಪಾತ್ರಕ್ಕೆ ಹಾಸ್ಯ, ಗಂಭೀರ ಎರಡೂ ವಿಭಾಗದಲ್ಲಿ ಎಮ್ಮಿ ಬಂತು. ಒಟ್ಟು ಏಳು ಎಮ್ಮಿ. ಅಂದರೆ ಕೆಲಸಕ್ಕಾಗಿ ಯಾರ ಬಾಗಿಲೂ ತಟ್ಟಬೇಕಾಗಿರದ ಸ್ಥಾನ.

1980ರ ಜುಲೈನಲ್ಲಿ ಹಾಲಿವುಡ್ ನಟರು ಮುಷ್ಕರಕ್ಕೆ ಇಳಿದರು. ಕಾರಣ, ಆಗಿನ ಹೊಸ ಟೆಕ್ನಾಲಜಿ: ವಿಡಿಯೋ ಕ್ಯಾಸೆಟ್ ಮತ್ತು ದುಡ್ಡು ಕೊಟ್ಟು ನೋಡೋ ಕೇಬಲ್ ಚಾನೆಲ್. ಒಮ್ಮೆ ನಟಿಸಿದ್ದು ಮನೆಮನೆಯಲ್ಲಿ ಮತ್ತೆ ಮತ್ತೆ ಓಡುತ್ತೆ, ಆ ಆದಾಯದಲ್ಲಿ ನಮ್ಮ ಪಾಲೆಲ್ಲಿ ಅನ್ನೋದು ಪ್ರಶ್ನೆ. ಹೀಗೆ ಮರುಪ್ರಸಾರಕ್ಕೆ ಸಿಗೋ ಪಾಲಿಗೆ ರೆಸಿಡ್ಯುಯಲ್ ಅಂತಾರೆ.

ಇದನ್ನ ನಮ್ಮ ಕಡೆ ಲೆಕ್ಕದಲ್ಲಿ ನೋಡೋಣ. ನಮ್ಮ ಸಂಘದಲ್ಲಿ ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ಕಡೆಯವರು ಜಾಸ್ತಿ. ಈ ನಾಲ್ಕು ತಾಲ್ಲೂಕು ಅಂದರೆ ತಂಬಾಕು. ಬ್ಯಾರನ್‌ನಲ್ಲಿ ರಾತ್ರಿಯೆಲ್ಲ ಉರಿ ಕಾದು, ಎಲೆ ಹದ ಮಾಡಿ, ಗ್ರೇಡ್ ಮಾಡಿ, ಬೇಲ್ ಕಟ್ಟಿ ಕಟ್ಟೆಮಳಲವಾಡಿಗೋ ಕಂಪಲಾಪುರಕ್ಕೋ ಹರಾಜಿಗೆ ಒಯ್ಯೋದನ್ನ ನೋಡ್ಕೊಂಡೇ ಬೆಳೆದೋರು. ಬೇಲ್ ಒಂದು ಸಲ ಮಾರಿದರೆ ಮುಗೀತು. ನಟನ ಕೆಲಸ ಹಾಗಲ್ಲ. ಒಂದೇ ಬೇಲನ್ನು ಕೊಂಡವನು ಸಾವಿರ ಸಲ ಮಾರಿದ ಹಾಗೆ. ಮೊದಲ ಸಲದ ದುಡ್ಡಷ್ಟೇ ಬೆಳೆದವನಿಗೆ ಸಿಕ್ಕರೆ ಅದು ನ್ಯಾಯವಾ?

ಇನ್ನೊಂದು ಹೋಲಿಕೆಯೂ ಇದೆ. ಕರ್ನಾಟಕದಲ್ಲಿ ತಂಬಾಕು ಮಂಡಳಿಯ ಹರಾಜು ಶುರುವಾಗಿದ್ದು 1984ರಲ್ಲಿ. ಅದಕ್ಕೆ ಮುಂಚೆ ರೈತ ಒಬ್ಬನೇ ವ್ಯಾಪಾರಿಯ ಮುಂದೆ ನಿಲ್ಲಬೇಕಿತ್ತು. ಹರಾಜು ಬಂದ ಮೇಲೂ ರೇಟು ಬಿದ್ದಾಗ ಒಬ್ಬ ರೈತ ಬೇಲ್ ವಾಪಸ್ ತಗೊಂಡು ಹೋದರೆ ಯಾರೂ ತಲೆ ಕೆಡಿಸ್ಕೊಳ್ಳಲ್ಲ. ಎಲ್ಲ ಸೇರಿ ಹರಾಜು ನಿಲ್ಲಿಸಿದರೆ ಮಾತ್ರ ಅಧಿಕಾರಿಗಳು ಎದ್ದು ಬರ್ತಾರೆ. ಯೂನಿಯನ್ ಅಂದರೆ ಇಷ್ಟೇ. ಒಬ್ಬನಿಗೆ ಇಲ್ಲದ ಬೆಲೆ ನೂರು ಜನಕ್ಕೆ ಇರುತ್ತೆ.

ಮುಷ್ಕರದ ನಡುವೆಯೇ, 1980ರ ಸೆಪ್ಟೆಂಬರ್‌ನಲ್ಲಿ, ಎಮ್ಮಿ ಸಮಾರಂಭ ನಡೆಯಿತು. ನಟರು ಬಹಿಷ್ಕಾರ ಹಾಕಿದ್ದರು. ‘ಲೂ ಗ್ರಾಂಟ್’ಗಾಗಿ ಆಸ್ನರ್‌ಗೆ ಆ ವರ್ಷವೂ ಪ್ರಶಸ್ತಿ ಬಂತು, ಆದರೆ ತಗೊಳ್ಳೋಕೆ ಅವರು ಹೋಗಲಿಲ್ಲ. ಮುಷ್ಕರ ಅಕ್ಟೋಬರ್‌ವರೆಗೆ ನಡೆದು, ಕೇಳಿದಷ್ಟು ಅಲ್ಲದಿದ್ದರೂ ಹೊಸ ಮಾಧ್ಯಮಗಳ ಆದಾಯದಲ್ಲಿ ನಟರಿಗೆ ಪಾಲು ದಕ್ಕಿತು. ಮರುವರ್ಷ, 1981ರಲ್ಲಿ, ಆಸ್ನರ್ ಸ್ಕ್ರೀನ್ ಆ್ಯಕ್ಟರ್ಸ್ ಗಿಲ್ಡ್ ಅಧ್ಯಕ್ಷರಾಗಿ ಆಯ್ಕೆಯಾದರು. 1985ರವರೆಗೆ ಆ ಕುರ್ಚಿಯಲ್ಲಿದ್ದರು.

ಆಗ ದೇಶದ ಅಧ್ಯಕ್ಷ ರೊನಾಲ್ಡ್ ರೇಗನ್. ರೇಗನ್ ಕೂಡ ನಟ, ಇದೇ ಗಿಲ್ಡ್‌ನ ಹಳೇ ಅಧ್ಯಕ್ಷ. 1960ರ ಮುಷ್ಕರ ನಡೆಸಿ, ಟಿವಿಯಲ್ಲಿ ತೋರಿಸೋ ಸಿನಿಮಾಗಳಿಗೆ ನಟರಿಗೆ ರೆಸಿಡ್ಯುಯಲ್ ಕೊಡಿಸಿದ್ದು ಅವರ ಕಾಲದಲ್ಲೇ. ಅದೇ ರೇಗನ್ 1981ರ ಆಗಸ್ಟ್‌ನಲ್ಲಿ ಮುಷ್ಕರ ಹೂಡಿದ 11,000ಕ್ಕೂ ಹೆಚ್ಚು ವಿಮಾನ ಸಂಚಾರ ನಿಯಂತ್ರಕರನ್ನು ಕೆಲಸದಿಂದ ತೆಗೆದರು. ಒಂದೇ ಯೂನಿಯನ್‌ನಿಂದ ಬಂದ ಇಬ್ಬರು ಎದುರುಬದುರಾದರು.

1982ರ ಫೆಬ್ರವರಿಯಲ್ಲಿ ಆಸ್ನರ್ ವಾಷಿಂಗ್ಟನ್‌ನಲ್ಲಿ ಪತ್ರಿಕಾಗೋಷ್ಠಿ ನಡೆಸಿ, ಅಂತರ್ಯುದ್ಧದಲ್ಲಿದ್ದ ಎಲ್ ಸಾಲ್ವಡಾರ್ ಜನರಿಗೆ ವೈದ್ಯಕೀಯ ನೆರವು ಕೊಡೋ ಅಭಿಯಾನಕ್ಕೆ ನಿಂತರು. ಅಲ್ಲಿನ ಸರ್ಕಾರದ ಬೆನ್ನಿಗೆ ನಿಂತಿದ್ದ ರೇಗನ್ ನೀತಿಯನ್ನು ಟೀಕಿಸಿದರು. ಇಲ್ಲೇ ಎಡವಟ್ಟಾಗಿದ್ದು. ಮಾತು ಅವರ ವೈಯಕ್ತಿಕ ನಿಲುವು, ಆದರೆ ಜನರ ಕಿವಿಗೆ ಬಿದ್ದದ್ದು ಗಿಲ್ಡ್ ಅಧ್ಯಕ್ಷರ ಮಾತಾಗಿ. ಚಾರ್ಲ್ಟನ್ ಹೆಸ್ಟನ್ ಥರದ ದೊಡ್ಡ ನಟರೇ, ನಮ್ಮ ಸಂಘವನ್ನ ರಾಜಕೀಯಕ್ಕೆ ಎಳೀಬೇಡಿ ಅಂತ ತಿರುಗಿ ಬಿದ್ದರು. ಅವರ ತಕರಾರಿನಲ್ಲೂ ಹುರುಳಿಲ್ಲ ಅಂತ ನಾವು ಹೇಳಲ್ಲ. ಎಲ್ಲರ ದನಿಯಾಗಿ ಕೂತವರು ತಮ್ಮ ಸ್ವಂತ ದನಿಯಲ್ಲಿ ಎಷ್ಟು ಮಾತಾಡಬಹುದು ಅನ್ನೋದು ನಮ್ಮ ಕಾಲೇಜಿನ ಸಂಘಗಳಲ್ಲೂ ಬರೋ ಪ್ರಶ್ನೆಯೇ.

ಜಾಹೀರಾತುದಾರರು ಹಿಂದೆ ಸರಿಯತೊಡಗಿದರು. ಮೇ ತಿಂಗಳಲ್ಲಿ ಸಿಬಿಎಸ್ ಚಾನೆಲ್ ‘ಲೂ ಗ್ರಾಂಟ್’ ನಿಲ್ಲಿಸೋದಾಗಿ ಹೇಳಿತು. ರೇಟಿಂಗ್ ಬಿದ್ದಿತ್ತು ಅನ್ನೋದು ಚಾನೆಲ್‌ನ ಕಾರಣ. ರಾಜಕೀಯವೇ ಕಾರಣ ಅಂತ ಆಸ್ನರ್ ಕೊನೆವರೆಗೂ ನಂಬಿದ್ದರು. ಏನೇ ಇರಲಿ, ಟಿವಿಯ ಮುಂಚೂಣಿ ನಟನ ಕೈಯಿಂದ ಅವರದೇ ಪಾತ್ರದ ಹೆಸರಿನ ಧಾರಾವಾಹಿ ಜಾರಿಹೋಯಿತು.

ಆಮೇಲೆ ಅವರಿಗೆ ಇನ್ನೊಂದು ಬದುಕು ಕೊಟ್ಟದ್ದು ದನಿ. 1994ರ ‘ಸ್ಪೈಡರ್-ಮ್ಯಾನ್’ ಕಾರ್ಟೂನಿನಲ್ಲಿ ಸದಾ ಕೂಗಾಡೋ ಸಂಪಾದಕ ಜೇಮ್ಸನ್, ‘ಗಾರ್ಗಾಯ್ಲ್ಸ್’ನಲ್ಲಿ ಮುದಿ ಯೋಧ ಹಡ್ಸನ್, ಕೊನೆಗೆ ‘ಅಪ್’ನ ಕಾರ್ಲ್. ಜಗಳ ಮಾತ್ರ ಬಿಡಲಿಲ್ಲ. 2020ರ ಡಿಸೆಂಬರ್‌ನಲ್ಲಿ, 91ನೇ ವಯಸ್ಸಿನಲ್ಲಿ, ಹಿರಿಯ ಕಲಾವಿದರ ವಿಮೆ ಕಡಿತ ಮಾಡಿದ್ದಕ್ಕೆ ತಮ್ಮದೇ ಯೂನಿಯನ್‌ನ ಆರೋಗ್ಯ ನಿಧಿಯ ವಿರುದ್ಧ ಕೋರ್ಟಿಗೆ ಹೋದರು. 2021ರ ಆಗಸ್ಟ್ 29ರಂದು ತೀರಿಕೊಂಡರು.

ದನಿ ಮಾತ್ರ ಉಳಿದಿತ್ತು. ಮೊದಲೇ ರೆಕಾರ್ಡ್ ಆಗಿದ್ದ ಅವರ ದನಿಯಲ್ಲಿ ‘ಕಾರ್ಲ್ಸ್ ಡೇಟ್’ ಕಿರುಚಿತ್ರ 2023ರ ಜೂನ್‌ನಲ್ಲಿ ಬಂತು. ನಮಗೂ ಇಂಥ ಅನುಭವ ಇದೆ. ಅಪ್ಪು 2021ರ ಅಕ್ಟೋಬರ್ 29ರಂದು ಹೋದಾಗ ‘ಜೇಮ್ಸ್’ ಡಬ್ಬಿಂಗ್ ಮುಗಿದಿರಲಿಲ್ಲ. 2022ರ ಮಾರ್ಚ್ 17ರಂದು ಚಿತ್ರ ಬಂದಾಗ ಅವರಿಗೆ ದನಿ ಕೊಟ್ಟದ್ದು ಅಣ್ಣ ಶಿವರಾಜ್‌ಕುಮಾರ್. ಮರುತಿಂಗಳೇ ತಂತ್ರಜ್ಞಾನದ ನೆರವಿನಿಂದ ಅಪ್ಪು ಅವರದೇ ದನಿ ಕೂಡಿಸಿ ಮತ್ತೆ ತೆರೆಗೆ ತಂದರು. ಆ ದನಿ ಕೇಳಿ ಜನ ಅತ್ತರು. ಅಲ್ಲಿದ್ದದ್ದು ಪ್ರೀತಿ. ಆದರೆ ಅದೇ ಟೆಕ್ನಾಲಜಿ ಹೆಸರಿಲ್ಲದ ಡಬ್ಬಿಂಗ್ ಕಲಾವಿದರೊಬ್ಬರ ದನಿಯನ್ನು ಕೇಳದೇ ಎತ್ತಿಕೊಂಡರೆ?

1980ರಲ್ಲಿ ಕ್ಯಾಸೆಟ್ ಇದ್ದ ಜಾಗದಲ್ಲಿ ಈಗ ಎಐ ಇದೆ. 2023ರ ಜುಲೈ 14ರಿಂದ 118 ದಿನ ಹಾಲಿವುಡ್ ನಟರು ಮತ್ತೆ ಮುಷ್ಕರ ಮಾಡಿದರು. ಮುಂದೆ ನಿಂತಿದ್ದು ಫ್ರಾನ್ ಡ್ರೆಷರ್, ಅವರೂ ಟಿವಿಯಿಂದ ಬಂದ, ಕಾರ್ಟೂನ್ ಚಿತ್ರಗಳಿಗೆ ದನಿ ಕೊಟ್ಟ ನಟಿ. ಆಗ ವರ್ಷಕ್ಕೆ 26,470 ಡಾಲರ್ ದುಡಿದ ಸದಸ್ಯರಿಗೆ ಮಾತ್ರ ಆರೋಗ್ಯ ವಿಮೆ, ಬಹುಪಾಲು ಜನ ಆ ಗೆರೆ ಮುಟ್ಟಿರಲಿಲ್ಲ. ಅವರಿಗೆ ಒಪ್ಪಂದದಲ್ಲಿ ಸಿಕ್ಕ ದೊಡ್ಡ ವಿಷಯ, ಡಿಜಿಟಲ್ ನಕಲು ಮಾಡೋ ಮೊದಲು ಒಪ್ಪಿಗೆ ಕೇಳಬೇಕು, ಹಣ ಕೊಡಬೇಕು ಅನ್ನೋದು. 2024ರ ಜುಲೈನಲ್ಲಿ ವಿಡಿಯೋ ಗೇಮ್‌ಗಳಿಗೆ ದನಿ ಕೊಡೋರೂ ಇದೇ ಬೇಡಿಕೆಗೆ ಕೆಲಸ ನಿಲ್ಲಿಸಿದರು.

ನಮ್ಮಲ್ಲಿ? 1994ರ ತಿದ್ದುಪಡಿಯಿಂದ ಕಾಪಿರೈಟ್ ಕಾಯ್ದೆಯಲ್ಲಿ ಕಲಾವಿದರ ಪ್ರದರ್ಶನಕ್ಕೂ ಹಕ್ಕಿದೆ, 2012ರಲ್ಲಿ ರಾಯಧನದ ಮಾತೂ ಸೇರಿತು. 2024ರ ಜುಲೈನಲ್ಲಿ ಬಾಂಬೆ ಹೈಕೋರ್ಟ್ ಗಾಯಕ ಅರಿಜಿತ್ ಸಿಂಗ್ ಅವರ ದನಿಯನ್ನು ಎಐನಿಂದ ನಕಲು ಮಾಡೋದಕ್ಕೆ ತಡೆ ಕೊಟ್ಟಿತು. ಅದೇ ವರ್ಷ ನಮ್ಮ ವಿಧಾನಮಂಡಲ, ಸಿನಿಮಾ ಟಿಕೆಟ್ ಮತ್ತು ಒಟಿಟಿ ಚಂದಾ ಮೇಲೆ ಶೇ 1ರಿಂದ 2ರಷ್ಟು ಸೆಸ್ ಹಾಕಿ ಕಲಾವಿದರು, ಕಾರ್ಮಿಕರ ಕಲ್ಯಾಣ ನಿಧಿ ಮಾಡೋ ಮಸೂದೆ ಒಪ್ಪಿತು. ಆದರೆ ಕೋರ್ಟಿನ ಮೆಟ್ಟಿಲು ಹತ್ತೋ ಶಕ್ತಿ ಅರಿಜಿತ್‌ಗಿದೆ. ದಿನಗೂಲಿ ಲೆಕ್ಕದಲ್ಲಿ ಧಾರಾವಾಹಿಗೆ ದನಿ ಕೊಡೋರಿಗೆ ಒಬ್ಬೊಬ್ಬರೇ ಹೋಗೋಕಾಗಲ್ಲ.

ಈಗ ನಮ್ಮ ವಿಷಯ. ದನಿ ನಕಲು ಮಾಡೋ ಮಾಡೆಲ್ ಬರೆಯೋರು, ಅದಕ್ಕೆ ಡೇಟಾ ಹೊಂದಿಸೋರು ಯಾರು? ನಾವೇ, ಇನ್ನೆರಡು ಮೂರು ವರ್ಷದಲ್ಲಿ. ಕೊನೇ ಸೆಮಿಸ್ಟರ್ ಪ್ರಾಜೆಕ್ಟಿಗೆ ಯೂಟ್ಯೂಬ್‌ನಿಂದ ಯಾರದೋ ಕನ್ನಡ ದನಿ ಇಳಿಸ್ಕೊಳ್ಳೋ ಮುಂಚೆ ಒಂದು ಮಾತು: ಅವರನ್ನ ಕೇಳಿದ್ವಾ? ಹಾಗೇ, ನಾವು ಬರೆದ ಕೋಡನ್ನೇ ಕಲಿತು ಮೆಷೀನ್ ನಮ್ಮ ಜಾಗಕ್ಕೆ ಬರೋ ದಿನ ನಾವೂ ಆ ನಟರ ಸಾಲಿನಲ್ಲೇ ನಿಂತಿರ್ತೀವಿ. ಕೋಡ್ ಬರೆಯೋರಿಗೆ ಯೂನಿಯನ್ ಯಾಕೆ ಅನ್ನೋ ನಗು ಆಗ ಬರಲಿಕ್ಕಿಲ್ಲ.

ಏಳು ಎಮ್ಮಿ ಇದ್ದ ಆಸ್ನರ್ ಸುಮ್ಮನಿದ್ದಿದ್ದರೆ ಅವರಿಗೇನೂ ಕಮ್ಮಿ ಆಗ್ತಿರಲಿಲ್ಲ. ಒಳ್ಳೇ ರೇಟು ಸಿಕ್ಕ ರೈತ, ಪಕ್ಕದವನ ಬೇಲ್ ಮಾರಾಟ ಆಗದೇ ಉಳಿದದ್ದು ನೋಡಿ ಹರಾಜು ನಿಲ್ಲಿಸೋಕೆ ಎದ್ದು ನಿಂತ ಹಾಗೆ ಅವರು ನಿಂತರು. ಮುಂದಿನ ಸಲ ‘ಅಪ್’ ಹಾಕಿದಾಗ ಆ ಗೊಗ್ಗರು ದನೀಲಿ ಇದೂ ಸ್ವಲ್ಪ ಕೇಳಿಸುತ್ತಾ ನೋಡಿ.