ತಡವಾಯ್ತು ಅಂತ ಕೈಚೆಲ್ಲಬೇಡಿ

ಹೆಗ್ಗನಹಳ್ಳಿ ಕ್ರಾಸ್‌ನಿಂದ ತರಕಾರಿ ತಂದು, ಕುಕ್ಕರ್ ಇಟ್ಟು, ಟಿವಿ ಮುಂದೆ ಕೂತಾಗ 'ಈ ವಯಸ್ಸಲ್ಲಿ ಇನ್ನು ನನ್ನಿಂದ ಏನಾಗುತ್ತೆ' ಅಂತ ನಿಮಗೂ ಅನ್ನಿಸಿರಬಹುದು. ಆಗ ಉಮಾಶ್ರೀ ಅವರನ್ನು ನೆನಪಿಸಿಕೊಳ್ಳಿ.

1957ರಲ್ಲಿ ತಿಪಟೂರು ತಾಲ್ಲೂಕಿನ ನೊಣವಿನಕೆರೆಯಲ್ಲಿ ಹುಟ್ಟಿದ ಅವರು ಇಬ್ಬರು ಮಕ್ಕಳನ್ನು ಒಬ್ಬರೇ ಬೆಳೆಸಿದರು. ಅಭಿನಯವೇ ಆಸರೆ. ದೇವನೂರ ಮಹಾದೇವರ 'ಒಡಲಾಳ' ನಾಟಕವಾದಾಗ, ಹರೆಯದಲ್ಲೇ ಮುದುಕಿ ಸಾಕವ್ವನಾಗಿ ನಿಂತು ಜನರ ಕಣ್ಣು ಒದ್ದೆ ಮಾಡಿದರು. ಸಿನಿಮಾ ಮಾತ್ರ ವರ್ಷಗಟ್ಟಲೆ ಅವರಿಗೆ ಹೆಚ್ಚಾಗಿ ನಗಿಸುವ ಪಾತ್ರಗಳನ್ನೇ ಕೊಟ್ಟಿತು. ಅದನ್ನೂ ಅಚ್ಚುಕಟ್ಟಾಗಿ ಮಾಡಿದರು, ನಾಟಕದ ನಂಟು ಬಿಡಲಿಲ್ಲ.

ಫಲ ಸಿಕ್ಕಿದ್ದು ಐವತ್ತು ದಾಟಿದ ಮೇಲೆ! ಗಿರೀಶ ಕಾಸರವಳ್ಳಿಯವರ 'ಗುಲಾಬಿ ಟಾಕೀಸು' ಚಿತ್ರದ ಸೂಲಗಿತ್ತಿ ಪಾತ್ರಕ್ಕೆ 2007ನೇ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. 2013ರಲ್ಲಿ ರಾಜ್ಯದ ಮಂತ್ರಿಯಾದರು. 2021ರಲ್ಲಿ ಶುರುವಾದ 'ಪುಟ್ಟಕ್ಕನ ಮಕ್ಕಳು' ಧಾರಾವಾಹಿಯಲ್ಲಿ ಪುಟ್ಟಕ್ಕನಾಗಿ ನಮ್ಮ ಮನೆಯೊಳಕ್ಕೇ ಬಂದರು.

ಹಾಗಾಗಿ, ಹೊಲಿಗೆಯೋ ಹಾಡೋ ನಿಮಗೆ ಬರುವ ಒಂದು ವಿದ್ಯೆಗೆ ದಿನಕ್ಕೆ ಅರ್ಧ ಗಂಟೆ ಮೀಸಲಿಡಿ. ಅವಕಾಶ ಯಾವಾಗ ಬಾಗಿಲು ತಟ್ಟುತ್ತೋ ಹೇಳೋಕಾಗಲ್ಲ. ಅಷ್ಟರಲ್ಲಿ ಕಲಿತದ್ದು ಮರೆತುಹೋಗಿರಬಾರದು, ಅಲ್ವಾ?