ಹುಲಿಗೆ ಬಗ್ಗದ ಚಿಪ್ಪುಹಂದಿ ಲಾರಿಗೆ ಏನು ಮಾಡೀತು?

ಕಳೆದ ಅಕ್ಟೋಬರ್‌ನ ಲಾಂಗ್ ವೀಕೆಂಡ್‌ಗೆ ತೀರ್ಥಹಳ್ಳಿ ಹತ್ತಿರದ ಅಜ್ಜಿಮನೆಗೆ ಹೊರಟಿದ್ದೆ. ಬೆಂಗಳೂರು ಬಿಡುವಾಗಲೇ ಬಸ್ಸು ಎರಡು ಗಂಟೆ ಲೇಟು. ಇಳಿಯುವ ಹೊತ್ತಿಗೆ ರಾತ್ರಿ ಹನ್ನೊಂದಾಗಿತ್ತು. ಪಾಪ, ಮಾವ ಜೀಪ್ ತಂದು ಕಾಯ್ತಾ ಕೂತಿದ್ದರು. ಊರಿಗೆ ಇನ್ನೇನು ಮೂರು ಕಿಲೋಮೀಟರ್ ಇದೆ ಅನ್ನುವಾಗ ತಿರುವಿನಲ್ಲಿ ಗಕ್ಕನೆ ಬ್ರೇಕ್ ಹಾಕಿದರು. ಹೆಡ್‌ಲೈಟ್ ಬೆಳಕಿನಲ್ಲಿ ನಡುರಸ್ತೆಯಲ್ಲಿ ಹಲಸಿನಕಾಯಿ ಬಿದ್ದ ಹಾಗೆ ಕಂಡಿತು. ಅಕ್ಟೋಬರ್‌ನಲ್ಲಿ ಎಂಥ ಹಲಸು?

"ಚಿಪ್ಪುಹಂದಿ ಮಾರಾಯ್ತಿ," ಅಂತ ಮಾವ ಪಿಸುಗುಟ್ಟಿದರು. "ಇಷ್ಟು ವರ್ಷ ಈ ಕಾಡಲ್ಲೇ ಇದ್ದೇನೆ, ಇದನ್ನ ನೋಡ್ತಿರೋದು ಮೂರನೇ ಸಲ."

ನಮ್ಮ ಬೆಳಕಿಗೆ ಬೆದರಿ ಅದು ಉಂಡೆಯಾಗಿತ್ತು. ಮುಖ ಇಲ್ಲ, ಕಾಲಿಲ್ಲ, ಬರೀ ಚಿಪ್ಪು. ನಾನು ಫೋನ್ ತೆಗೆದು ವಿಡಿಯೋ ಮಾಡುತ್ತಿದ್ದೆ. ಅಷ್ಟರಲ್ಲಿ ಎದುರಿನ ಏರಿನಿಂದ ಲಾರಿ ಸದ್ದು. ಮಾವ ಟಾರ್ಚ್ ಹಿಡಿದು ಓಡಿದರು. ಆ ವಯಸ್ಸಿನಲ್ಲಿ ಅವರು ಹಾಗೆ ಓಡಿದ್ದನ್ನು ನಾನು ನೋಡಿರಲಿಲ್ಲ. ಲಾರಿ ನಿಂತಿತು. ಡ್ರೈವರ್ ಮೊದಲು ಎರಡು ಮಾತು ಬೈದ. ಆಮೇಲೆ ಅವನೂ ಇಳಿದು ಬಂದ, ಲೈಟ್ ಆಫ್ ಮಾಡಿದ. ಕತ್ತಲಲ್ಲಿ ಮೂರು ಜನ ಉಸಿರು ಬಿಗಿಹಿಡಿದು ನಿಂತಿದ್ದೆವು. ಹತ್ತು ನಿಮಿಷವಾದ ಮೇಲೆ ಚಿಪ್ಪಿನ ನಡುವೆ ಮೊದಲು ಒಂದು ಮೂತಿ ಬಂತು, ಆಮೇಲೆ ಉಗುರಿನ ಕಾಲು. ನಿಧಾನಕ್ಕೆ ಚರಂಡಿಗೆ ಇಳಿದು ಬಿದಿರಿನ ಕಡೆ ಹೋಯಿತು. ನಾವು ಅದನ್ನು ಮುಟ್ಟಲಿಲ್ಲ. ಮುಟ್ಟಬಾರದು ಕೂಡ.

ಅವತ್ತು ರಾತ್ರಿ ನಿದ್ದೆ ಬರಲಿಲ್ಲ. ಅಪಾಯ ಬಂದಾಗ ಓಡುವ ಬದಲು ನಿಂತಲ್ಲೇ ಉಂಡೆಯಾಗೋದು ಎಂಥ ಬುದ್ಧಿ ಅಂತ ತಲೆಯಲ್ಲಿ ಕೊರೆಯುತ್ತಿತ್ತು. ಓದುತ್ತಾ ಹೋದ ಹಾಗೆ ಗೊತ್ತಾಯಿತು, ಅದು ಬಹಳ ಒಳ್ಳೆ ಬುದ್ಧಿಯೇ.

ನಮ್ಮ ಭಾರತೀಯ ಚಿಪ್ಪುಹಂದಿಯ ಮೈಮೇಲೆ ಸುಮಾರು 160ರಿಂದ 200 ಚಿಪ್ಪುಗಳಿರುತ್ತವೆ. ಹಂಚಿನ ಮನೆಯ ಮಾಡು ನೋಡಿದ್ದೀರಲ್ಲ, ಹಾಗೆ ಒಂದರ ಮೇಲೊಂದು. ಅವುಗಳಲ್ಲಿ ಹತ್ತಿರ ಹತ್ತಿರ ಅರ್ಧದಷ್ಟು ಇರೋದು ಬಾಲದಲ್ಲಿ. ಅದಕ್ಕೆ ಕಾರಣವಿದೆ. ಅದರ ಹೊಟ್ಟೆ, ಮುಖ, ಕಾಲಿನ ಒಳಭಾಗಕ್ಕೆ ಚಿಪ್ಪೇ ಇಲ್ಲ. ಸುರುಳಿ ಸುತ್ತಿದಾಗ ಆ ಮೆತ್ತನೆಯ ಜಾಗದ ಮೇಲೆಲ್ಲ ಅಗಲವಾದ ಬಾಲ ಬಂದು ಮುಚ್ಚಿಕೊಳ್ಳುತ್ತದೆ. ಮೈಯ ಸ್ನಾಯುಗಳು ಎಷ್ಟು ಗಟ್ಟಿಯೆಂದರೆ ಸುರುಳಿ ಬಿಡಿಸುವುದು ಕಷ್ಟ. ಚಿಪ್ಪಿನ ಅಂಚೂ ಹರಿತ, ಮೂತಿ ತೂರಿಸಿದವರಿಗೆ ಗಾಯ ಖಂಡಿತ. ಬಾಯಲ್ಲಿ ಒಂದೇ ಒಂದು ಹಲ್ಲಿಲ್ಲದ, ಉದ್ದ ನಾಲಿಗೆಯಿಂದ ಇರುವೆ ಗೆದ್ದಲು ನೆಕ್ಕಿ ಬದುಕುವ ಪ್ರಾಣಿಗೆ ಕಚ್ಚಿ ಜಗಳ ಆಡೋಕೆ ಬರಲ್ಲ. ಇರೋದು ಇದೊಂದೇ ಉಪಾಯ. ತಾಯಿ ಚಿಪ್ಪುಹಂದಿ ಮರಿಯನ್ನು ಬಾಲದ ಬುಡದಲ್ಲಿ ಕೂರಿಸಿಕೊಂಡು ತಿರುಗುತ್ತದೆ. ಅಪಾಯ ಬಂದರೆ ಮರಿಯನ್ನು ಒಳಗಿಟ್ಟುಕೊಂಡೇ ಸುತ್ತಿಕೊಳ್ಳುತ್ತದೆ. ಹುಟ್ಟಿದ ಮರಿಯ ಚಿಪ್ಪು ಮೆತ್ತಗಿರುವುದರಿಂದ ಆಗ ತಾಯಿಯ ಮೈಯೇ ಅದಕ್ಕೆ ಚಿಪ್ಪು.

ಗಿರ್ ಕಾಡಿನಲ್ಲಿ ಸಿಂಹಗಳು ಇಂಥ ಉಂಡೆಯನ್ನು ಉರುಳಿಸಿ, ನೆಕ್ಕಿ, ಕಚ್ಚಿ ಕೊನೆಗೆ ಬೇಸತ್ತು ಬಿಟ್ಟುಹೋಗುವ ಚಿತ್ರಗಳನ್ನು ನೀವೂ ನೋಡಿರಬಹುದು. ಹಾಗಂತ ಪ್ರತಿ ಸಲವೂ ಚಿಪ್ಪೇ ಗೆಲ್ಲುತ್ತದೆ ಅಂತಲ್ಲ. ಹುಲಿ, ಚಿರತೆಗಳು ಚಿಪ್ಪುಹಂದಿ ತಿಂದ ದಾಖಲೆಗಳೂ ಇವೆ. ಆದರೆ ಹಸಿದವನಿಗೆ ಬೇರೆ ಸುಲಭದ ಊಟ ಇರುವಾಗ ಈ ಡಬ್ಬಿಯ ಮುಚ್ಚಳ ಯಾರು ತೆಗೀತಾ ಕೂರ್ತಾರೆ ಅನ್ನುವುದೇ ಅದರ ಲೆಕ್ಕಾಚಾರ.

ಈ ರಕ್ಷಣೆ ಪುಕ್ಕಟೆ ಬಂದದ್ದಲ್ಲ. ಚರ್ಮ ಮತ್ತು ಚಿಪ್ಪು ಸೇರಿದರೆ ಅದರ ಮೈತೂಕದ ನಾಲ್ಕನೇ ಒಂದು ಭಾಗದಿಂದ ಮೂರನೇ ಒಂದು ಭಾಗದಷ್ಟಾಗುತ್ತದೆ. ಅರವತ್ತು ಕೆಜಿಯ ನಾನು ಹದಿನೈದಿಪ್ಪತ್ತು ಕೆಜಿ ಜಾಕೆಟ್ ಹಾಕಿಕೊಂಡು ಮೆಟ್ರೋ ಹಿಡಿಯೋಕೆ ಓಡೋದನ್ನ ಕಲ್ಪಿಸಿಕೊಂಡೆ. ಓಡಲ್ಲ, ಅಷ್ಟೇ. ಇನ್ನೊಂದು ತಮಾಷೆ ಅಂದರೆ ಹುಲಿಯ ಹಲ್ಲು ನುಗ್ಗಲಾರದ ಸಂದಿಯಲ್ಲಿ ಉಣುಗು ಆರಾಮಾಗಿ ಮನೆ ಮಾಡಿಕೊಂಡಿರುತ್ತದೆ. ಚಿಪ್ಪಿನ ಅಡಿಯ ಮೆತ್ತನೆ ಚರ್ಮಕ್ಕೆ ಕಚ್ಚಿಕೊಂಡು ಕೂತರೆ ಕೆರೆದುಕೊಳ್ಳುವುದೂ ಕಷ್ಟ.

ಆಮೆಯದು ಬೇರೆ ಕಥೆ. ಸಣ್ಣವಳಿದ್ದಾಗ ಆಮೆ ಚಿಪ್ಪು ಅಂದರೆ ಅದರ ಮನೆ, ಬೇಕಾದಾಗ ಹೊರಗೆ ಬರುತ್ತೆ ಅಂದುಕೊಂಡಿದ್ದೆ. ಕಾರ್ಟೂನ್‌ಗಳ ತಪ್ಪು. ಆ ಚಿಪ್ಪು ಅದರ ಪಕ್ಕೆಲುಬು ಮತ್ತು ಬೆನ್ನುಮೂಳೆ ಸೇರಿ ಬೆಳೆದದ್ದು, ಮುಟ್ಟಿದರೆ ಅದಕ್ಕೆ ಗೊತ್ತಾಗುತ್ತದೆ. ಕೋಲಾರದ ಕಡೆಯ ಕುರುಚಲು ಕಾಡುಗಳಲ್ಲೂ ಸಿಗುವ ನಕ್ಷತ್ರ ಆಮೆಯ ಗುಮ್ಮಟದಂಥ ಬೆನ್ನಿಗೆ ಇನ್ನೊಂದು ಉಪಯೋಗವಿದೆ. ಹಂಗೇರಿಯ ಗಣಿತಜ್ಞರಾದ ಗಾಬೋರ್ ದೊಮೊಕೋಶ್ ಮತ್ತು ಪೀಟರ್ ವಾರ್ಕೊನಿ 2006ರಲ್ಲಿ ಗೊಂಬೊತ್ಸ್ ಎಂಬ ಆಕೃತಿ ಮಾಡಿದರು. ಒಳಗೆ ಯಾವ ಭಾರ ಅಡಗಿಸದಿದ್ದರೂ ಹೇಗೆ ಇಟ್ಟರೂ ತಾನೇ ಉರುಳಿ ಒಂದೇ ಭಂಗಿಗೆ ಬಂದು ನಿಲ್ಲುತ್ತದೆ. ನಮ್ಮ ನಕ್ಷತ್ರ ಆಮೆಯ ಚಿಪ್ಪು ಆ ಆಕೃತಿಗೆ ಬಹಳ ಹತ್ತಿರ ಅಂತ ಅವರೇ ಆಮೇಲೆ ತೋರಿಸಿದರು. ಬೆನ್ನಡಿಯಾಗಿ ಬಿದ್ದರೂ ಸ್ವಲ್ಪ ಕೈಕಾಲು ಬಡಿದರೆ ಸಾಕು, ಮಗುಚಿಕೊಳ್ಳುತ್ತದೆ. ಆದರೆ ಗ್ರೀಸ್‌ನಲ್ಲಿ ಹದ್ದುಗಳು ಆಮೆಯನ್ನು ಎತ್ತಿಕೊಂಡು ಹೋಗಿ ಬಂಡೆ ಮೇಲೆ ಬೀಳಿಸಿ ಒಡೆಯುತ್ತವೆ. ಕಚ್ಚುವ ಬಾಯಿಗೆ ಸಿದ್ಧವಾದ ಚಿಪ್ಪು ಮೇಲಿಂದ ಬೀಳುವುದಕ್ಕೆ ಸಿದ್ಧವಾಗಿರಲಿಲ್ಲ.

ನನಗೆ ಮುಖ್ಯ ಅನ್ನಿಸಿದ್ದು ಇದೇ. ಯಾವ ಚಿಪ್ಪೂ ಎಲ್ಲದಕ್ಕೂ ಆಗಿ ಬರಲ್ಲ. ಅಮೆರಿಕದ ಆರ್ಮಡಿಲೋ ನೋಡಿ. 2015ರಲ್ಲಿ ಟೆಕ್ಸಾಸ್‌ನಲ್ಲಿ ಒಬ್ಬ ಅದಕ್ಕೆ ಗುಂಡು ಹೊಡೆದಾಗ ಗುಂಡು ಚಿಪ್ಪಿಗೆ ತಾಗಿ ವಾಪಸ್ ಬಂದು ಅವನದೇ ದವಡೆಗೆ ಬಡಿದಿತ್ತು. ಅಂಥ ಪ್ರಾಣಿ ಹೆದ್ದಾರಿಯಲ್ಲಿ ಲೆಕ್ಕವಿಲ್ಲದಷ್ಟು ಸಾಯುತ್ತದೆ. ಬೆಚ್ಚಿದರೆ ನೇರ ಮೇಲಕ್ಕೆ ಹಾರುವುದು ಅದರ ಅಭ್ಯಾಸ. ನರಿ, ತೋಳ ಕಕ್ಕಾಬಿಕ್ಕಿಯಾಗಲಿ ಅಂತ ಕಲಿತ ವಿದ್ಯೆ ಅದು. ಕಾರು ಮೇಲೆ ಹಾದುಹೋಗುವಾಗ ಸುಮ್ಮನೆ ಕೂತಿದ್ದರೆ ಎಷ್ಟೋ ಸಲ ಉಳಿಯುತ್ತಿತ್ತು. ಹಾರಿ ಕಾರಿನ ತಳಕ್ಕೆ ಹೊಡೆದುಕೊಳ್ಳುತ್ತದೆ.

ಚಿಪ್ಪುಹಂದಿಗೆ ಅದಕ್ಕಿಂತ ದೊಡ್ಡ ಸಮಸ್ಯೆ ಮನುಷ್ಯನ ಕೈ. ಹುಲಿಗೆ ಉಂಡೆ ಬಿಡಿಸೋಕೆ ಆಗಲ್ಲ, ನಮಗೆ ಬಿಡಿಸೋ ಅಗತ್ಯವೇ ಇಲ್ಲ. ಎತ್ತಿ ಚೀಲಕ್ಕೆ ಹಾಕಿದರೆ ಮುಗಿಯಿತು. ಓಡದ, ಕಚ್ಚದ, ಅಲ್ಲಾಡದ ಬೇಟೆ. 2019ರ ಏಪ್ರಿಲ್‌ನಲ್ಲಿ ಸಿಂಗಪುರದ ಬಂದರಿನಲ್ಲಿ ಒಂದೇ ವಾರದೊಳಗೆ ಸಿಕ್ಕ ಎರಡು ಸರಕುಗಳಲ್ಲಿ 25 ಟನ್‌ಗೂ ಹೆಚ್ಚು ಚಿಪ್ಪಿತ್ತು. ಆಫ್ರಿಕಾದ ನೈಜೀರಿಯಾದಿಂದ ವಿಯೆಟ್ನಾಂಗೆ ಹೊರಟದ್ದು. ಇಷ್ಟಕ್ಕೂ ಆ ಚಿಪ್ಪಿನಲ್ಲಿ ಏನಿದೆ? ಕೆರಾಟಿನ್. ನಮ್ಮ ಉಗುರು, ಕೂದಲಿನಲ್ಲಿ ಇರುವುದೇ. ಔಷಧಿ ಅನ್ನುವ ನಂಬಿಕೆ ಮೇಲೆ ಈ ವ್ಯಾಪಾರ ನಿಂತಿದೆ. ಚೀನಾ 2020ರಲ್ಲಿ ತನ್ನ ಅಧಿಕೃತ ಔಷಧ ಕೋಶದ ಪಟ್ಟಿಯಿಂದ ಇದನ್ನು ತೆಗೆದಿದೆ. ಎಂಟೂ ಜಾತಿಯ ಚಿಪ್ಪುಹಂದಿಗಳ ಅಂತಾರಾಷ್ಟ್ರೀಯ ವ್ಯಾಪಾರವನ್ನು ನಿಷೇಧಿಸುವ ತೀರ್ಮಾನ 2016ರಲ್ಲೇ ಆಗಿದೆ. ನಮ್ಮ 1972ರ ವನ್ಯಜೀವಿ ಕಾಯ್ದೆಯಲ್ಲಿ ಅದು ಹುಲಿಯ ಜೊತೆಗೇ ಮೊದಲ ಷೆಡ್ಯೂಲ್‌ನಲ್ಲಿದೆ. ಹಿಡಿದರೆ, ಮಾರಿದರೆ ಮೂರರಿಂದ ಏಳು ವರ್ಷ ಜೈಲು.

ಈಗ ನನ್ನ ದಡ್ಡತನ ಹೇಳಬೇಕು. ಆ ರಾತ್ರಿ ಮಲಗುವ ಮೊದಲು ವಿಡಿಯೋವನ್ನು ಊರಿನ ಹೆಸರು ಸಮೇತ ಸ್ಟೇಟಸ್ ಹಾಕಿದ್ದೆ. ಬೆಳಿಗ್ಗೆ ಎದ್ದಾಗ ಮೂವತ್ತಕ್ಕೂ ಹೆಚ್ಚು ರಿಪ್ಲೈ. "ವಾವ್", "ಸೋ ಕ್ಯೂಟ್", ಹೃದಯದ ಚಿಹ್ನೆಗಳು. ನಡುವೆ ಯಾವುದೋ ಮದುವೆಯಲ್ಲಿ ನಂಬರ್ ಕೊಟ್ಟಿದ್ದ ದೂರದ ಪರಿಚಯದವನ ಮೆಸೇಜು: "ಎಕ್ಸಾಕ್ಟ್ ಎಲ್ಲಿ ಇದು? ಲೊಕೇಷನ್ ಕಳ್ಸಿ. ಒಬ್ರು ಕೇಳ್ತಿದಾರೆ, ಒಳ್ಳೆ ರೇಟ್ ಇದೆ."

ಮೊದಲು ಜೋಕ್ ಅಂದುಕೊಂಡು ನಗುವ ಇಮೋಜಿ ಹಾಕಿದೆ. ಹತ್ತು ನಿಮಿಷ ಬಿಟ್ಟು ಇನ್ನೊಂದು ಮೆಸೇಜು: "ಸೀರಿಯಸ್ ಆಗಿ." ಕೈಕಾಲು ತಣ್ಣಗಾಯಿತು. ಲಾರಿಯಿಂದ ಉಳಿಸಿದ್ದನ್ನು ನಾನೇ ವಿಳಾಸ ಬರೆದು ಕೊಟ್ಟಿದ್ದೆನಲ್ಲ! ಸ್ಟೇಟಸ್ ಡಿಲೀಟ್ ಮಾಡಿದೆ. ಅಷ್ಟರಲ್ಲಿ 140 ಜನ ನೋಡಿಯಾಗಿತ್ತು. ಅರಣ್ಯ ಇಲಾಖೆಯ ಸಹಾಯವಾಣಿ 1926ಕ್ಕೆ ಫೋನ್ ಮಾಡಲು ನನಗೆ ಎರಡು ದಿನ ಹಿಡಿಯಿತು. ಪರಿಚಯದವರು, ಮದುವೆಮನೆ ಸಂಬಂಧ, ಸುಮ್ಮನೆ ರಗಳೆ ಯಾಕೆ ಅಂತ. ಕೊನೆಗೆ ಮಾಡಿದೆ. ಮೆಸೇಜಿನ ಸ್ಕ್ರೀನ್‌ಶಾಟನ್ನು ಆ ಭಾಗದ ಗಾರ್ಡ್ ತೆಗೆದುಕೊಂಡರು. ಮುಂದೇನಾಯಿತು ಅಂತ ನನಗೆ ತಿಳಿಸಿಲ್ಲ, ನಾನೂ ಕೇಳಿಲ್ಲ.

ಹೊರಡುವ ಹಿಂದಿನ ಸಂಜೆ ಚಹಾ ಕುಡಿಯುತ್ತಾ ಓದಿದ್ದನ್ನೆಲ್ಲ ಮಾವನಿಗೆ ಹೇಳುತ್ತಿದ್ದೆ. ದಕ್ಷಿಣ ಆಫ್ರಿಕಾದಲ್ಲಿ ಚಿಪ್ಪುಹಂದಿಗಳ ಸಾವಿಗೆ ದೊಡ್ಡ ಕಾರಣಗಳಲ್ಲಿ ವಿದ್ಯುತ್ ಬೇಲಿಯೂ ಒಂದು. ನಡೆಯುತ್ತಾ ಹೋಗಿ ಕೆಳಗಿನ ತಂತಿಗೆ ಹೊಟ್ಟೆ ತಾಗುತ್ತದೆ. ಶಾಕ್ ಹೊಡೆಯುತ್ತದೆ. ಬೇರೆ ಪ್ರಾಣಿ ಆಗಿದ್ದರೆ ಹಿಂದಕ್ಕೆ ಹಾರುತ್ತದೆ. ಇದು ತನಗೆ ಗೊತ್ತಿರುವ ಒಂದೇ ಕೆಲಸ ಮಾಡುತ್ತದೆ, ಸುತ್ತಿಕೊಳ್ಳುತ್ತದೆ. ತಂತಿಯನ್ನೇ ಒಳಗಿಟ್ಟುಕೊಂಡು. ಮತ್ತೆ ಶಾಕ್ ಹೊಡೆದಷ್ಟೂ ಇನ್ನಷ್ಟು ಬಿಗಿಯಾಗುತ್ತದೆ, ಸಾಯುವ ತನಕ.

ಮಾವ ಲೋಟ ಕೆಳಗಿಟ್ಟರು. ನಮ್ಮ ತೋಟದ ಸುತ್ತಲೂ ಸೋಲಾರ್ ಬೇಲಿ ಇದೆ. ಕಾಡುಹಂದಿ ಕಾಟಕ್ಕೆ ಅಂತ ಕೆಳಗಿನ ತಂತಿಯನ್ನು ನೆಲದಿಂದ ಒಂದು ಗೇಣಿಗೆ ಕಟ್ಟಿಸಿದ್ದಾರೆ.

"ಮೂರು ವರ್ಷದ ಹಿಂದೆ ಹಳ್ಳದ ಹತ್ತಿರ ಒಂದು ಸತ್ತುಬಿದ್ದಿತ್ತು," ಅಂದರು. "ಯಾಕೆ ಅಂತ ಗೊತ್ತಾಗಿರ್ಲಿಲ್ಲ."

ಅತ್ತೆ ಒಳಗಿನಿಂದಲೇ, "ಬೇಲಿ ತೆಗೆದ್ರೆ ಹಂದಿ ಇಡೀ ತೋಟ ಅಗೀತವೆ, ಹೇಳಿದ್ದೇನೆ," ಅಂದರು. ಅದೂ ಸುಳ್ಳಲ್ಲ. ಬೇಲಿ ಕಟ್ಟುವ ಹಿಂದಿನ ವರ್ಷ ಬಾಳೆಯಲ್ಲಿ ಒಂದು ಗೊನೆಯೂ ಉಳಿದಿರಲಿಲ್ಲ. ಬೆಂಗಳೂರಿನಲ್ಲಿ ಸಂಬಳ ಎಣಿಸುವ ನಾನು ಅಲ್ಲಿ ಕೂತು ಉಪದೇಶ ಮಾಡುವ ಹಾಗಿರಲಿಲ್ಲ, ಸುಮ್ಮನಿದ್ದೆ.

ಹದಿನೈದು ದಿನ ಬಿಟ್ಟು ಮಾವ ಫೋನ್ ಮಾಡಿದ್ದರು. ಹಳ್ಳದ ಬದಿಯ ನೂರು ಅಡಿ ಉದ್ದಕ್ಕೆ ಮಾತ್ರ ಕೆಳಗಿನ ತಂತಿಯ ಕನೆಕ್ಷನ್ ತಪ್ಪಿಸಿದ್ದಾರಂತೆ. ಹಂದಿ ಆಗಲೇ ಎರಡು ಬಾಳೆ ಬುಡ ಕಿತ್ತಿದೆ, ಅತ್ತೆ ಮಾತು ಬಿಟ್ಟಿದ್ದಾರೆ ಅಂತಲೂ ಹೇಳಿದರು.