ಆವೇಶಕ್ಕೂ ಒಂದು ಅಂಕೆ

ಟಿಕೋಟಾ, ಬಬಲೇಶ್ವರ ಕಡೆಯ ಹಳ್ಳಿಗಳಲ್ಲಿ ವೀರಭದ್ರನ ಒಕ್ಕಲಿನ ಮನೆಯವರು ಮದುವೆ ಗೊತ್ತುಮಾಡಿದರೆಂದರೆ ಗುಗ್ಗಳದ ಮಾತು ಬಂದೇ ಬರುತ್ತದೆ. ಕೊಡದಲ್ಲಿ ಬೆಂಕಿ, ಅದರಿಂದೇಳುವ ಗುಗ್ಗಳದ ಹೊಗೆ, ಮುಂದೆ ಸಂಬಾಳ, ಶಹನಾಯಿ. ಇವುಗಳ ನಡುವೆ ಕಾವಿ ಉಟ್ಟು, ವಿಭೂತಿ ಬಳಿದು, ಕಾಲಿಗೆ ಗೆಜ್ಜೆ ಕಟ್ಟಿ, ಖಡ್ಗ ಹಿಡಿದ ಪುರವಂತ. ಒಡಪು ಹೇಳುತ್ತ ಹೇಳುತ್ತ ಅವನ ಕಣ್ಣು ಕೆಂಪೇರುತ್ತವೆ, ದನಿ ಬೇರೆಯಾಗುತ್ತದೆ. ನಿನ್ನೆ ಹೊಲದಲ್ಲಿ ಗಳೆ ಹೊಡೆಯುತ್ತಿದ್ದ ಮನುಷ್ಯ ಇವನೇ ಏನು ಎನಿಸುತ್ತದೆ. ಚಿಕ್ಕಂದಿನಲ್ಲಿ ವಿಜಯಪುರದ ಓಣಿಯೊಂದರಲ್ಲಿ ಇದನ್ನು ಕಂಡು ನಾನು ಅವ್ವನ ಸೆರಗಿನ ಹಿಂದೆ ಅಡಗಿದ್ದುಂಟು. ಹೆದರಿಸಿದ್ದು ಖಡ್ಗವಲ್ಲ, ಆ ಕಣ್ಣುಗಳು.

ಇಂಥ ಆವೇಶ ನಮ್ಮ ನಾಡಿಗೆ ಮಾತ್ರ ಸೇರಿದ್ದಲ್ಲ. ಯೂರೋಪಿನ ಉತ್ತರ ತುದಿಯ ನಾರ್ವೆ, ಐಸ್‌ಲ್ಯಾಂಡ್‌ಗಳ ಹಳೆಯ ಕಥೆಗಳಲ್ಲಿ 'ಬೆರ್ಸರ್ಕ್' ಎಂಬ ಯೋಧರು ಬರುತ್ತಾರೆ. ಈ ಹೆಸರಿಗೆ ಕರಡಿಯ ಚರ್ಮ ತೊಟ್ಟವನು ಎಂದು ಕೆಲವು ವಿದ್ವಾಂಸರು, ಕವಚವಿಲ್ಲದ ಬರಿಮೈಯವನು ಎಂದು ಇನ್ನು ಕೆಲವರು ಅರ್ಥ ಹೇಳುತ್ತಾರೆ. ಕ್ರಿ.ಶ. 900ರ ಆಸುಪಾಸಿನಲ್ಲಿ ಹೋರ್ನ್‌ಕ್ಲೋಫಿ ಎಂಬ ಆಸ್ಥಾನಕವಿ ನಾರ್ವೆಯ ಹೆರಾಲ್ಡ್ ರಾಜನ ಯುದ್ಧವನ್ನು ಹಾಡುವಾಗ ಇವರನ್ನು ಹೆಸರಿಸಿದ್ದಾನೆ. 13ನೆಯ ಶತಮಾನದ ಸ್ನೋರಿ ಸ್ಟರ್ಲುಸನ್ ಬರೆಯುವಂತೆ, ಓಡಿನ್ ದೇವತೆಯ ಈ ಬಂಟರು ತೋಳಗಳಂತೆ ಕೆರಳಿ ತಮ್ಮ ಗುರಾಣಿಯನ್ನೇ ಕಚ್ಚುತ್ತಿದ್ದರು. ಬೆಂಕಿಯಾಗಲಿ ಕಬ್ಬಿಣವಾಗಲಿ ಅವರನ್ನು ನೋಯಿಸುತ್ತಿರಲಿಲ್ಲ. ಸ್ಕಾಟ್‌ಲೆಂಡಿನ ಲೂಯಿಸ್ ದ್ವೀಪದಲ್ಲಿ 1831ರಲ್ಲಿ ಸಿಕ್ಕ ದಂತದ ಚದುರಂಗದ ಕಾಯಿಗಳಲ್ಲಿ ಹೀಗೆ ಗುರಾಣಿ ಕಚ್ಚಿ ನಿಂತ ಯೋಧರೂ ಇದ್ದಾರೆ.

ರಣರಂಗದಲ್ಲಿ ರಾಜನಿಗೆ ಬೇಕಾದ ಈ ಕೆರಳುವಿಕೆ ಯುದ್ಧ ಮುಗಿದ ಮೇಲೆ ಊರಿಗೆ ಬೇಡವಾಯಿತು. ಐಸ್‌ಲ್ಯಾಂಡಿನ ಕಥೆಗಳಲ್ಲಿ ಬೆರ್ಸರ್ಕ್ ಬಹುಮಟ್ಟಿಗೆ ಪುಂಡನಾಗಿಯೇ ಕಾಣುತ್ತಾನೆ. ರೈತನ ಮನೆಗೆ ನುಗ್ಗಿ, ದ್ವಂದ್ವಕ್ಕೆ ಕರೆದು, ಅವನ ಹೊಲವನ್ನೋ ಮಗಳನ್ನೋ ಕೇಳುವವನು ಅವನು. ಕ್ರೈಸ್ತಮತ ಬಂದ ಮೇಲೆ ಅಲ್ಲಿನ ಕಾನೂನು ಹೀಗೆ ಮೈಮರೆತು ಕೆರಳಿದವನಿಗೆ ಮೂರು ವರ್ಷ ಗಡೀಪಾರು ವಿಧಿಸಿತು. ಸ್ವಾರಸ್ಯವೆಂದರೆ, ಪಕ್ಕದಲ್ಲಿದ್ದೂ ಅವನನ್ನು ಹಿಡಿದು ನಿಲ್ಲಿಸದವರಿಗೂ ಅದೇ ಶಿಕ್ಷೆ.

ಈ ಕಾನೂನನ್ನು ಓದಿದಾಗ ನನಗೆ ನೆನಪಾದದ್ದು ನಮ್ಮ ಗುಗ್ಗಳ. ಪುರವಂತನ ಮೂಲಪುರುಷ ವೀರಭದ್ರನೂ ಅಂಕೆ ಮೀರಿದ ಕೋಪದ ಮಗನೇ. ದಕ್ಷನ ಯಜ್ಞದಲ್ಲಿ ಸತಿ ದೇಹತ್ಯಾಗ ಮಾಡಿದಾಗ ಶಿವ ಕಿತ್ತೆಸೆದ ಜಟೆಯಿಂದ ಹುಟ್ಟಿ, ಯಜ್ಞವನ್ನು ಧ್ವಂಸಮಾಡಿ ದಕ್ಷನ ತಲೆ ಕಡಿದವನು. ಆದರೆ ಕಥೆ ಅಲ್ಲಿಗೆ ನಿಲ್ಲದೆ ದಕ್ಷನಿಗೆ ಕುರಿಯ ತಲೆ ಕೂಡಿಸಿ ಜೀವ ಕೊಡುವವರೆಗೂ ಸಾಗುತ್ತದೆ. ಪುರವಂತಿಕೆಯ ರೀತಿಯೂ ಇದೇ. ಒಡಪು ಬಾಯಿಗೆ ಬಂದಂತೆ ಕೂಗುವುದಲ್ಲ, ಹಿರಿಯರ ಬಳಿ ಕೂತು ಬಾಯಿಪಾಠ ಮಾಡಿದ ಸಾಹಿತ್ಯ. ಒಂದು ಒಡಪಿಗೆ ವಾದ್ಯ ನಿಲ್ಲಬೇಕು, ಮುಗಿದೊಡನೆ ಏರಬೇಕು. ಆವೇಶ ಎಷ್ಟೇ ಏರಿದರೂ ಮಾತಿನ ಲಯ ತಪ್ಪಕೂಡದು. ಕೆನ್ನೆಗೋ ನಾಲಗೆಗೋ ಶಸ್ತ್ರ ಚುಚ್ಚಿಕೊಳ್ಳುವುದಕ್ಕೂ ಹೊತ್ತುಗೊತ್ತುಂಟು, ಮುಗಿದ ಮೇಲೆ ವಿಭೂತಿ ಹಚ್ಚುವ ಕೈಯುಂಟು. ಅವನ ಎಡಬಲಕ್ಕೆ ನಿಂತವರು ಬರಿಯ ನೋಡುಗರಲ್ಲ. ಅವನು ಎಲ್ಲಿ ವಾಲುತ್ತಾನೆ, ಖಡ್ಗ ಎಲ್ಲಿ ತಿರುಗುತ್ತದೆ ಎಂದು ಕಾಯುವವರು. ಐಸ್‌ಲ್ಯಾಂಡಿನವರು ದಂಡದ ಭಯದಿಂದ ಮಾಡಿಸಹೋದದ್ದನ್ನು ನಮ್ಮ ಓಣಿಯವರು ಪದ್ಧತಿಯಿಂದ ಮಾಡಿಕೊಂಡು ಬಂದಿದ್ದಾರೆ.

ಹಾಗೆಂದು ಕನ್ನಡದ ವೀರರೆಲ್ಲ ಆವೇಶದವರೇ ಎಂದು ತಿಳಿಯಬೇಕಿಲ್ಲ. 1220ರಲ್ಲಿ ಹೊಯ್ಸಳ ಇಮ್ಮಡಿ ವೀರಬಲ್ಲಾಳ ತೀರಿಕೊಂಡಾಗ ಕುವರ ಲಕ್ಷ್ಮ ಮಡದಿ ಸುಗ್ಗಲದೇವಿ ಹಾಗೂ ತನ್ನ ಬಂಟರೊಂದಿಗೆ ಪ್ರಾಣ ಕೊಟ್ಟದ್ದನ್ನು ಹಳೇಬೀಡಿನ ಕಂಬ ಹೇಳುತ್ತದೆ. ಅದು ಮೊದಲೇ ಕೊಟ್ಟ ಭಾಷೆಯನ್ನು ತಣ್ಣಗೆ ನಡೆಸಿದ ರೀತಿ. ಕಣ್ಣು ಕೆಂಪೇರುವುದಕ್ಕೂ ಅದಕ್ಕೂ ಬಹಳ ಅಂತರ. ನನಗಂತೂ ಅದು ಹೆಚ್ಚು ಭಯಂಕರ.

ನೋವು ತಿಳಿಯದಿರುವುದು ಹೇಗೆ? 1784ರಲ್ಲಿ ಸ್ವೀಡನ್ನಿನ ಸ್ಯಾಮ್ಯುಯೆಲ್ ಓಡ್‌ಮನ್ ಬೆರ್ಸರ್ಕರು ವಿಷದ ಅಣಬೆ ತಿನ್ನುತ್ತಿದ್ದರೆಂದು ಊಹಿಸಿದ. ಹಳೆಯ ಕಥೆಗಳಲ್ಲಿ ಅಣಬೆಯ ಸುಳಿವೇ ಇಲ್ಲ. ಉದ್ವೇಗದಲ್ಲಿ ದೇಹ ತಾನೇ ಅಡ್ರಿನಲಿನ್, ಎಂಡಾರ್ಫಿನ್‌ಗಳನ್ನು ಸುರಿಸಿ ನೋವನ್ನು ಮಂಕುಮಾಡುತ್ತದೆ ಎಂಬುದು ಈಗಿನ ವೈದ್ಯಶಾಸ್ತ್ರಕ್ಕೆ ಗೊತ್ತು. ಸಂಬಾಳದ ಏರುಬಡಿತ, ಹೊಗೆ, ಜನರ ಕೂಗು, ಎಲ್ಲಕ್ಕಿಂತ ಹೆಚ್ಚಾಗಿ ನಂಬಿಕೆ — ಇಷ್ಟಿರುವಲ್ಲಿ ಅಣಬೆ ಯಾಕೆ ಬೇಕು?

ಈಗ ಮೆರವಣಿಗೆಗಳಲ್ಲಿ ಒಡಪು ಮೊಟಕಾಗಿ ಶಸ್ತ್ರವೇ ಮುಂದಾಗುವುದನ್ನು ಕಂಡಾಗ ಕಸಿವಿಸಿಯಾಗುತ್ತದೆ. ಮೊಬೈಲ್ ಹಿಡಿದವರಿಗೆ ಬೇಕಾದದ್ದು ಚುಚ್ಚುವ ಆ ಒಂದು ಗಳಿಗೆ. ಒಡಪು ಕಲಿಯಲು ವರ್ಷಗಳು ಬೇಕು, ಚುಚ್ಚಿಕೊಳ್ಳಲು ನಿಮಿಷ ಸಾಕು. ಮಾತಿನ ಕಟ್ಟು ಸಡಿಲಿದರೆ ಉಳಿಯುವುದು ಕಬ್ಬಿಣ ಮತ್ತು ರಕ್ತ.

ಬಲ್ಲ ಪುರವಂತರಿರುವಲ್ಲಿ ಈಗಲೂ ಹಾಗಾಗುವುದಿಲ್ಲ. ಕೊನೆಯ ಒಡಪು, ಮಂಗಳಾರತಿ, ಹಣೆಗೆ ವಿಭೂತಿ. ದನಿ ಇಳಿಯುತ್ತದೆ. ಖಡ್ಗವನ್ನು ಒರೆಸಿ ಅರಿವೆಯಲ್ಲಿ ಸುತ್ತಿಟ್ಟು, ಗೆಜ್ಜೆ ಬಿಚ್ಚಿ, ಬೀಗರ ಪಂಕ್ತಿಯಲ್ಲಿ ಕೂತು ಅವನೂ ಗೋಧಿ ಹುಗ್ಗಿ ಉಣ್ಣುತ್ತಾನೆ.